ಮೇಣದಲ್ಲಿ ಮಲಗಿದ ಉಂಗುರ

ಕಣ್ಣಿನ ಡಾಕ್ಟರು ಚೀಟಿಯಲ್ಲಿ ಗೀಚಿದ್ದನ್ನು ಓದಿದವಳು ಅಕ್ಕನೇ, ಅದೂ ಒಂದೇ ಕಣ್ಣಿನಲ್ಲಿ. ಮೂವತ್ತೈದು ವರ್ಷ ಅಂಚೆ ಕಚೇರಿಯಲ್ಲಿ ಕಾಗದ ವಿಂಗಡಿಸಿದವಳಿಗೆ ಕಾಗೆ ಕಾಲು ಗುಬ್ಬಿ ಕಾಲಿನ ಬರಹವೆಲ್ಲ ಅಚ್ಚು ಹಾಕಿಸಿದಷ್ಟು ಸಲೀಸು. ಔಷಧದ ಅಂಗಡಿಯವನೂ ತಲೆ ಕೆರೆದುಕೊಳ್ಳುವಂಥ ಆ ಚೀಟಿಯನ್ನು ಅವಳು ಕಿಟಕಿಯ ಬೆಳಕಿಗೆ ಹಿಡಿದು, ಬಲಗಣ್ಣು ಇದ್ದೂ ಇಲ್ಲದಂತಾಗಿದ್ದರಿಂದ ಮುಖವನ್ನು ಸ್ವಲ್ಪ ಬಲಕ್ಕೆ ತಿರುಗಿಸಿ, ಬಿಡಿಸಿ ಬಿಡಿಸಿ ಓದಿದಳು.

"ಎಂ-ಡೋ-ಥೀ-ಲಿ-ಯಮ್. ಎಂಡೋಥೀಲಿಯಮ್ ಹೇಗಿದೆ ನೋಡಿ, ಅಂತ ಬರೆದಿದ್ದಾರೆ. ಯಾವುದೋ ದೂರದ ಊರಿನ ಹೆಸರಿದ್ದ ಹಾಗಿದೆ. ಏನೇ ಹಾಗಂದ್ರೆ?"

ಕೇಳಿದ್ದು ತಂಗಿಯನ್ನು. ಈ ತಂಗಿಗೆ ಅಪ್ಪ ಅಮ್ಮ ಇಟ್ಟ ಹೆಸರು ಹಾಜರಿ ಪುಸ್ತಕದಲ್ಲಿ ಮಾತ್ರ ಉಳಿದಿತ್ತು. ಆಸ್ಪತ್ರೆಯ ನಾಲ್ಕು ಮಹಡಿಗೂ ಅವಳು ಮೇಣಮ್ಮ. ಅಲ್ಲಿಯ ನೆಲಮಾಳಿಗೆಯ ಪ್ರಯೋಗಾಲಯದಲ್ಲಿ, ರೋಗಿಗಳ ಮೈಯಿಂದ ಕತ್ತರಿಸಿ ತೆಗೆದ ಚೂರುಗಳನ್ನು ಮೇಣದಲ್ಲಿ ಹೂತು, ಹಾಳೆಗಿಂತ ತೆಳ್ಳಗೆ ಕೊಯ್ದು, ಗಾಜಿನ ಮೇಲೆ ಏರಿಸಿ, ಬಣ್ಣ ಹಾಕಿ, ಡಾಕ್ಟರಮ್ಮನ ಮೈಕ್ರೋಸ್ಕೋಪಿಗೆ ಒಪ್ಪಿಸುವ ಕೆಲಸದಲ್ಲಿ ಅವಳು ಇಪ್ಪತ್ತೇಳು ವರ್ಷ ಸವೆಸಿದ್ದಳು. ಎಷ್ಟು ತಿಕ್ಕಿ ತೊಳೆದರೂ ಉಗುರಿನ ಸಂದಿಯಲ್ಲಿ ಮೇಣ ಉಳಿದೇ ಇರುತ್ತಿತ್ತು. ಎಂಡೋಥೀಲಿಯಮ್ ಎಂಬ ಪದ ಅವಳಿಗೆ ಪಕ್ಕದ ಮನೆಯವರಷ್ಟು ಪರಿಚಯ.

"ಒಳಪದರ ಅಕ್ಕ. ರಕ್ತನಾಳದ ಒಳಗಡೆ ಇರೋ ಪದರ," ಎಂದಳು.

"ಅಷ್ಟಕ್ಕೇ ನನಗೇನು ತಿಳಿಯುತ್ತೆ? ಸರಿಯಾಗಿ ಹೇಳು."

ಅಕ್ಕನ ಮುಂದೆ ತಟ್ಟೆಯಲ್ಲಿ ಬೇಯಿಸಿದ ಮೊಟ್ಟೆ ಇತ್ತು. ದವಡೆ ನೋವಿನಿಂದ ಎರಡು ವಾರದಿಂದ ಅವಳಿಗೆ ಮೆತ್ತಗಿನದೇ ಊಟ. ಮೇಣಮ್ಮ ಒಡೆದ ಸಿಪ್ಪೆಯ ಒಂದು ಚೂರನ್ನು ಎತ್ತಿ, ಅದರ ಒಳಮೈಗೆ ಅಂಟಿದ್ದ ಬಿಳಿ ಪೊರೆಯನ್ನು ಉಗುರಿನಿಂದ ಬಿಡಿಸಿ ತೋರಿಸಿದಳು. "ಇದು ಇದೆಯಲ್ಲ, ಹಾಗೆ. ಇದಕ್ಕಿಂತ ಎಷ್ಟೋ ತೆಳು. ನೆತ್ತಿಯಿಂದ ಕಾಲ್ಬೆರಳ ತುದಿವರೆಗೆ ಎಲ್ಲಾ ರಕ್ತನಾಳಕ್ಕೂ ಒಳಗಡೆ ಇದು ಇರುತ್ತೆ. ರಕ್ತ ಎಲ್ಲೂ ಅಂಟದೆ, ನಿಲ್ಲದೆ ಹರಿಯೋದು ಇದು ನೆಟ್ಟಗಿದ್ರೇನೇ."

"ಅದು ಕೆಟ್ಟರೆ?"

"ಕೆಟ್ಟಿದೆ ಅಂತ ಯಾರು ಹೇಳಿದ್ರು? ಹೇಗಿದೆ ನೋಡಿ ಅಂತ ತಾನೇ ಬರೆದಿರೋದು?"

"ಮುಂದೆ ಪ್ರಶ್ನೆ ಚಿಹ್ನೆ ಹಾಕಿದ್ದಾರೆ ಕಣೇ. ಅದೂ ಎರಡೆರಡು. ಒಂದು ಸಾಕಾಗ್ತಿರಲಿಲ್ವಾ ಆ ಮಹಾರಾಯನಿಗೆ?"

ಮೇಣಮ್ಮ ನಕ್ಕಳು. ನಗದಿದ್ದರೆ ಅಕ್ಕನಿಗೆ ಅನುಮಾನ ಬರುತ್ತಿತ್ತು. ಸುಳ್ಳು ಹೇಳಿರಲಿಲ್ಲ, ಆದರೆ ನಿಜವನ್ನೂ ಪೂರ್ತಿ ಹೇಳಿರಲಿಲ್ಲ. ರಿಪೋರ್ಟುಗಳಲ್ಲಿ ಆ ಪದದ ಬಳಕೆ ಹೇಗೆಂದು ಅವಳಿಗೆ ಚೆನ್ನಾಗಿ ಗೊತ್ತಿತ್ತು. ಒಳಪದರ ಚೆನ್ನಾಗಿದ್ದಾಗ ಡಾಕ್ಟರಮ್ಮ ಅದರ ಸುದ್ದಿಯನ್ನೇ ಎತ್ತುವುದಿಲ್ಲ. ರಕ್ತನಾಳ ಸಹಜ ಎಂದು ಎರಡು ಮಾತು ಬರೆದು ಮುಂದಿನ ಸ್ಲೈಡಿಗೆ ಹೋಗುತ್ತಾರೆ. ಎಂಡೋಥೀಲಿಯಮ್ ಎಂಬುದು ಕಾಗದದ ಮೇಲೆ ಬರುವುದು ಅದು ಊದಿದಾಗ, ಕಿತ್ತುಹೋದಾಗ, ಇರಬೇಕಾದ ಕಡೆ ಕಾಣದೇ ಹೋದಾಗ. ಇಷ್ಟು ವರ್ಷದಲ್ಲಿ ಆ ಪದ ಸುಮ್ಮನೆ ಯಾರ ಚೀಟಿಗೂ ಬಂದದ್ದನ್ನು ಅವಳು ಕಂಡಿರಲಿಲ್ಲ.

ಎಲ್ಲ ಶುರುವಾದದ್ದು ಬಾಚಣಿಗೆಯಿಂದ. ತಲೆ ಬಾಚಿದರೆ ಬಲಗಡೆಯ ಕಪಾಲ ಉರಿಯುತ್ತದೆ ಎಂದು ಅಕ್ಕ ಬಾಚಣಿಗೆಯನ್ನೇ ಬೈಯುತ್ತಿದ್ದಳು. ಆಮೇಲೆ ಬ್ರೆಡ್ಡು ಅಗಿಯುವಾಗ ನಡುವೆ ದವಡೆ ಸೋತು ನಿಲ್ಲತೊಡಗಿತು. ವಯಸ್ಸು ಅರವತ್ತೆಂಟು, ಜೊತೆಗೆ ಸಕ್ಕರೆ ಕಾಯಿಲೆ. ಹಲ್ಲಿನದ್ದೇ ತೊಂದರೆ ಎಂದುಕೊಂಡರು. ಒಂದು ಶುಕ್ರವಾರ ಬೆಳಗ್ಗೆ ಮುಖ ತೊಳೆದು ಬಂದ ಅಕ್ಕ, "ಈ ಕಣ್ಣಿಗೆ ಯಾರೋ ಕೈ ಅಡ್ಡ ಹಿಡಿದ ಹಾಗಿದೆ," ಎಂದಳು. ಆ ಕೈ ಮತ್ತೆ ಸರಿಯಲೇ ಇಲ್ಲ. ತಲೆಯ ರಕ್ತನಾಳ ಊದಿ ಕಣ್ಣಿಗೆ ರಕ್ತ ಹೋಗದಂತೆ ಮಾಡುವ ಕಾಯಿಲೆ ಇರಬಹುದೆಂದು ಕಣ್ಣಿನ ಡಾಕ್ಟರು ಅವತ್ತೇ ದೊಡ್ಡ ಪ್ರಮಾಣದ ಮಾತ್ರೆ ಶುರು ಮಾಡಿ, ಕಪಾಲದ ರಕ್ತನಾಳದಿಂದ ಒಂದು ಚೂರು ತೆಗೆದು ಪರೀಕ್ಷೆಗೆ ಕಳಿಸಬೇಕು ಎಂದರು. ಅವರು ಹೇಳಿದ್ದು ಮೇಣಮ್ಮನ ಕಿವಿಯಲ್ಲಿ ಹಾಗೇ ಕೂತಿತ್ತು.

"ನೋಡಿ, ಈ ಮಾತ್ರೆಯಿಂದ ಇವರ ಸಕ್ಕರೆ ಹದ್ದು ಮೀರುತ್ತೆ. ರಿಪೋರ್ಟಿನಲ್ಲಿ ಏನೂ ಇಲ್ಲ ಅಂತ ಬಂದ್ರೆ ನಿಲ್ಲಿಸಿಬಿಡೋಣ. ಇದೆ ಅಂತ ಬಂದ್ರೆ ಮಾತ್ರ ಏನೇ ಆದರೂ ಬಿಡೋ ಹಾಗಿಲ್ಲ. ಬಿಟ್ರೆ ಇನ್ನೊಂದು ಕಣ್ಣೂ ಹೋಗುತ್ತೆ."

ಅಂದರೆ ಅಕ್ಕನ ಎಡಗಣ್ಣು ಒಂದು ರಿಪೋರ್ಟಿನ ಮೇಲೆ ನಿಂತಿತ್ತು. ಆ ರಿಪೋರ್ಟು ಒಂದು ಸ್ಲೈಡಿನ ಮೇಲೆ, ಆ ಸ್ಲೈಡು ಮೇಣಮ್ಮನ ನೆಲಮಾಳಿಗೆಯ ಮೇಲೆ.

ಅಮ್ಮ ತೀರಿಕೊಂಡಾಗ ಮೇಣಮ್ಮನಿಗೆ ಏಳು ವರ್ಷ, ಅಕ್ಕನಿಗೆ ಹತ್ತೊಂಬತ್ತು. ತಂಗಿಗೆ ಅಕ್ಷರ ಕಲಿಸಿದ್ದು, ಜಡೆ ಹೆಣೆದದ್ದು, ಜ್ವರ ಬಂದಾಗ ಹೆಗಲ ಮೇಲೆ ಹೊತ್ತು ಮೂರು ಮಹಡಿ ಇಳಿದದ್ದು ಎಲ್ಲ ಅಕ್ಕನೇ. ಅಕ್ಕನ ಮದುವೆಯಾಗಿ, ಭಾವ ತೀರಿಕೊಂಡು, ಅಕ್ಕ ಮತ್ತೆ ಅದೇ ಮನೆಗೆ ಬಂದು, ಇಬ್ಬರೂ ಒಂದೇ ಸೂರಿನಡಿ ಮುದುಕಿಯರಾಗುತ್ತಿದ್ದರು. ಆಸ್ಪತ್ರೆಗೆ ಗಾಜು ತೊಳೆಯುವ ಕೆಲಸಕ್ಕೆ ಸೇರಿದ ತಂಗಿಗೆ, "ತೊಳೀತಾ ಕೂರಬೇಡ, ಪಕ್ಕದವರು ಏನ್ಮಾಡ್ತಾರೆ ನೋಡ್ಕೋ," ಎಂದು ದಿನಾ ಚುಚ್ಚಿ ಚುಚ್ಚಿ ಕೆಲಸ ಕಲಿಸಿದವಳೂ ಅವಳೇ. ಅಕ್ಕ ಇಲ್ಲದಿದ್ದರೆ ತಾನು ಇವತ್ತಿಗೂ ಶೀಷೆ ತೊಳೆಯುತ್ತಿರುತ್ತಿದ್ದೆ ಎಂದು ಮೇಣಮ್ಮ ಕೇಳಿದವರಿಗೆಲ್ಲ ಹೇಳುತ್ತಿದ್ದಳು, ಕೇಳದವರಿಗೂ ಹೇಳುತ್ತಿದ್ದಳು.

ಸೋಮವಾರ ಚೂರು ತೆಗೆದರು. ಮಂಗಳವಾರ ಬೆಳಗ್ಗೆ ಅದು ಮೇಣ ತುಂಬುವ ಮೇಜಿಗೆ ಬಂತು.

ಪ್ರಯೋಗಾಲಯದಲ್ಲಿ ಒಂದು ನಿಯಮವಿತ್ತು: ಸ್ವಂತದವರ ಚೂರನ್ನು ಯಾರೂ ಮುಟ್ಟಬಾರದು. ಕೈ ನಡುಗುತ್ತದೆ, ಬುದ್ಧಿ ನಡುಗುತ್ತದೆ ಎಂಬ ಕಾರಣಕ್ಕೆ. ಗೋಡೆಯ ಮೇಲೆ ಆ ಬೋರ್ಡು ಬರೆಸಿ ಹಾಕಿದವಳು ಮೇಣಮ್ಮನೇ. ಅವತ್ತು ಆ ಬೋರ್ಡಿಗೆ ಬೆನ್ನು ಹಾಕಿ ಕೂತು, ಡಬ್ಬಿಯ ಮೇಲಿನ ನಂಬರನ್ನು ಮೂರು ಸಲ ನೋಡಿ, ಮುಚ್ಚಳ ತೆಗೆದಳು. ಪಕ್ಕದ ಮೇಜಿನ ಮೀಸೆಯಣ್ಣ, ಹದಿನೈದು ವರ್ಷದಿಂದ ಕೊಯ್ಯುವ ಯಂತ್ರದ ಮುಂದೆ ಕೂತವನು, ತಲೆ ಎತ್ತಿ ಕೇಳಿದ.

"ಅದನ್ನ ಇಲ್ಲಿ ಕೊಡಿ ಮೇಣಮ್ಮ, ನಾನು ಮಾಡ್ತೀನಿ. ನಿಮ್ಮ ಮುಖ ಯಾಕೋ ಸರಿಯಿಲ್ಲ."

"ನನ್ನ ಮುಖ ಯಾವತ್ತು ಸರಿಯಿತ್ತು? ನಿನ್ನ ಕೆಲಸ ನೋಡಪ್ಪ."

ಬೇರೆ ಯಾರ ಕೈಗೂ ಅದನ್ನು ಕೊಡಲು ಅವಳಿಗೆ ಮನಸ್ಸಾಗಲಿಲ್ಲ. ತನಗಿಂತ ಚೆನ್ನಾಗಿ ಈ ಕೆಲಸ ಗೊತ್ತಿರುವವರು ಯಾರಿದ್ದಾರೆ ಎಂಬ ಗರ್ವ ಒಂದು ಪಾಲು, ಅಕ್ಕನ ಮೈಯ ಚೂರನ್ನು ಬೇರೆಯವರು ಚಿಮುಟದಲ್ಲಿ ಹಿಡಿಯುವುದನ್ನು ನೋಡಲಾರೆ ಎಂಬ ಸಂಕಟ ಮೂರು ಪಾಲು.

ಡಬ್ಬಿಯಲ್ಲಿ ಮೂರು ತುಂಡುಗಳಿದ್ದವು. ಒಂದೊಂದೂ ಅರ್ಧ ಅಕ್ಕಿಕಾಳಿನಷ್ಟು, ಒಳಗೆ ಟೊಳ್ಳಾದ ಪುಟ್ಟ ಕೊಳವೆ. ಇವನ್ನು ಅಚ್ಚಿನಲ್ಲಿ ನೆಟ್ಟಗೆ ನಿಲ್ಲಿಸಬೇಕು. ಸೌತೆಕಾಯಿಯನ್ನು ಅಡ್ಡಕ್ಕೆ ಕೊಯ್ದರೆ ದುಂಡನೆ ಬಿಲ್ಲೆ ಬರುತ್ತದೆ, ಮಲಗಿಸಿ ಮೇಲೆ ಹೆರೆದರೆ ಬರೀ ಸಿಪ್ಪೆ ಬರುತ್ತದೆ, ಇದೂ ಹಾಗೇ. ನಿಂತ ಕೊಳವೆ ಉಂಗುರವಾಗಿ ಸ್ಲೈಡಿಗೆ ಬಂದು ಒಳಪದರವನ್ನು ಪೂರ್ತಿ ತೋರಿಸುತ್ತದೆ. ಮಲಗಿದ ಕೊಳವೆ ಹೊರಗಿನ ಗೋಡೆಯನ್ನಷ್ಟೇ ತೋರಿಸಿ ಸುಮ್ಮನಾಗುತ್ತದೆ. ಉಳಿದವರು ಅಚ್ಚಿನ ತಳಕ್ಕೆ ಸ್ವಲ್ಪ ಮೇಣ ಬಿಟ್ಟು, ತುಂಡನ್ನು ನಿಲ್ಲಿಸಿ, ತಣ್ಣನೆಯ ತಟ್ಟೆಯ ಮೇಲೆ ಇಪ್ಪತ್ತರ ತನಕ ಎಣಿಸಿ, ತಳ ಬಿಗಿಯಾದ ಮೇಲೆ ಉಳಿದ ಮೇಣ ತುಂಬುತ್ತಿದ್ದರು. ಮೇಣಮ್ಮ ಎಣಿಸುವುದನ್ನು ಬಿಟ್ಟು ಎರಡು ವರ್ಷವಾಗಿತ್ತು. ಆಸ್ಪತ್ರೆ ದೊಡ್ಡದಾಗಿ, ಡಬ್ಬಿಗಳು ರಾಶಿ ಬಿದ್ದಾಗ ಬಂದ ಅಭ್ಯಾಸ ಅದು. ನಿಲ್ಲಿಸಿದ ಕೂಡಲೇ ಒಂದೇ ಉಸಿರಿಗೆ ಬಿಸಿ ಮೇಣ ಸುರಿದು ಮುಂದಿನದಕ್ಕೆ ಹೋಗುತ್ತಿದ್ದಳು. ಆ ಚುರುಕಿಗೆ ಎಲ್ಲರಿಂದ ಭೇಷ್ ಅನ್ನಿಸಿಕೊಂಡೂ ಇದ್ದಳು.

ಅಕ್ಕನ ಮೂರು ತುಂಡುಗಳನ್ನೂ ಹಾಗೇ ನಿಲ್ಲಿಸಿದಳು. ಹಾಗೇ ಸುರಿದಳು. ಕಣ್ಣಲ್ಲಿ ನೀರು ತುಂಬಿ ಅಚ್ಚು ಮಸುಕಾಗಿ ಕಂಡಿತು, ತೋಳಿನಿಂದ ಒರೆಸಿಕೊಳ್ಳುವ ಹೊತ್ತಿಗೆ ಮೇಣ ಬಿಳುಪೇರಿತ್ತು.

ಬುಧವಾರ ಮಧ್ಯಾಹ್ನ ಮೀಸೆಯಣ್ಣ ಡಾಕ್ಟರಮ್ಮನ ಕೋಣೆಯಿಂದ ಟ್ರೇ ಹಿಡಿದು ಬಂದ. ಆ ನಂಬರಿನದು ಏನಾಯಿತು ಎಂದು ಮೇಣಮ್ಮ ಯಾವುದೋ ಹಳೆಯ ವಿಷಯ ಕೇಳುವವಳಂತೆ ಕೇಳಿದಳು.

"ಕಪಾಲದ್ದಾ? ಏನೂ ಇಲ್ವಂತೆ. ರಿಪೋರ್ಟು ಮೇಲೆ ಹೋಯ್ತು."

ಅವಳು ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡು ಅತ್ತು ಬಂದಳು. ರಿಪೋರ್ಟನ್ನು ತಾನೇ ಓದಬೇಕು ಎಂದು ಆಗ ಅವಳಿಗೆ ಅನ್ನಿಸಲಿಲ್ಲ. ಒಳ್ಳೆಯ ಸುದ್ದಿಯನ್ನು ಕೆದಕಿ ನೋಡಲು ಯಾರಿಗೆ ಧೈರ್ಯ ಬರುತ್ತದೆ? ಅವತ್ತು ಸಂಜೆಯೇ ಕಣ್ಣಿನ ಡಾಕ್ಟರು ಮಾತ್ರೆ ನಿಲ್ಲಿಸಿದರು. ಬಲಗಣ್ಣಿಗೆ ಆದದ್ದು ಸಕ್ಕರೆಯಿಂದಲೇ ಇರಬೇಕು ಎಂದರು. ಅಕ್ಕ ಮಾತ್ರೆಯ ಡಬ್ಬಿಯನ್ನು ಕಪಾಟಿನ ಹಿಂದಕ್ಕೆ ತಳ್ಳಿ, "ನಿಮ್ಮ ಎಂಡೋಥೀಲಿಯಮ್ಮಿಗೆ ನನ್ನ ನಮಸ್ಕಾರ ಹೇಳು," ಎಂದು ನಗೆಯಾಡಿದಳು.

ಗುರುವಾರ ಸುಖವಾಗಿ ಕಳೆಯಿತು. ಶುಕ್ರವಾರ ಸಂಜೆ, ಅಕ್ಕ ಸೂಪಿನಲ್ಲಿ ಬ್ರೆಡ್ಡು ಅದ್ದಿ ಬಾಯಿಗಿಟ್ಟವಳು ಅಗಿಯುವುದನ್ನು ನಿಲ್ಲಿಸಿ ಕೆನ್ನೆ ಒತ್ತಿಕೊಂಡಳು. ಒಂದು ಗಳಿಗೆ ಅಷ್ಟೇ. ಮತ್ತೆ ಅಗಿಯತೊಡಗಿದಳು.

"ಏನಾಯ್ತು ಅಕ್ಕ?"

"ಏನಿಲ್ಲ. ಬ್ರೆಡ್ಡು ಗಟ್ಟಿಯಿದೆ."

ಬ್ರೆಡ್ಡು ಸೂಪಿನಲ್ಲಿ ಕರಗಿ ಹೋಗುವಷ್ಟು ಮೆತ್ತಗಿತ್ತು. ಮೇಣಮ್ಮನ ಕೈಯಲ್ಲಿದ್ದ ಚಮಚ ಅಲ್ಲೇ ನಿಂತಿತು. ಮಾತ್ರೆ ತಿನ್ನುತ್ತಿದ್ದಷ್ಟು ದಿನ ಇಲ್ಲದ ದವಡೆ ನೋವು ಮಾತ್ರೆ ಬಿಟ್ಟ ಎರಡೇ ದಿನಕ್ಕೆ ಯಾಕೆ ಬರಬೇಕು? ಸಕ್ಕರೆ ಕಾಯಿಲೆಗೂ ದವಡೆಗೂ ಏನು ನಂಟು?

ಶನಿವಾರ ಅವಳು ಎಲ್ಲರಿಗಿಂತ ಮೊದಲು ನೆಲಮಾಳಿಗೆಗೆ ಇಳಿದಳು. ದೀಪ ಹಾಕಿ, ರಿಪೋರ್ಟಿನ ಕಚೇರಿ ಪ್ರತಿ ತೆಗೆದು ನಿಂತಲ್ಲೇ ಓದಿದಳು. ಪರೀಕ್ಷಿಸಿದ ಎರಡು ಉಂಗುರಗಳಲ್ಲಿ ರಕ್ತನಾಳ ಸಹಜವಾಗಿದೆ. ಅದರ ಕೆಳಗೆ ಇನ್ನೊಂದು ಸಾಲು: ಮೂರನೆಯ ತುಂಡಿನಲ್ಲಿ ಹೊರಪದರ ಮಾತ್ರ ಕಾಣುತ್ತಿದೆ.

ಡಾಕ್ಟರಮ್ಮ ಬರೆದದ್ದರಲ್ಲಿ ತಪ್ಪಿರಲಿಲ್ಲ. ಕಂಡದ್ದನ್ನು ಬರೆದಿದ್ದರು. ಕೆಲಸದ ಅವಸರದಲ್ಲಿದ್ದ ಕಣ್ಣಿನ ಡಾಕ್ಟರು ಮೊದಲ ಸಾಲು ಓದಿ ಎರಡನೆಯದನ್ನು ಬಿಟ್ಟಿದ್ದರು, ಅಥವಾ ಓದಿಯೂ ಅದು ಏನು ಹೇಳುತ್ತದೆಂದು ತಿಳಿಯದೆ ಹೋಗಿದ್ದರು. ಅದು ಏನು ಹೇಳುತ್ತದೆಂದು ಓದಿದ ತಕ್ಷಣ ತಿಳಿಯುವ ಒಬ್ಬಳೇ ಒಬ್ಬಳು ಆ ಕಟ್ಟಡದಲ್ಲಿದ್ದಳು, ಅವಳು ಅದನ್ನು ಓದಿರಲಿಲ್ಲ. ಈ ಕಾಯಿಲೆ ರಕ್ತನಾಳದ ಉದ್ದಕ್ಕೂ ಒಂದೇ ಸಮ ಇರುವುದಿಲ್ಲ. ಒಂದು ಕಡೆ ಕಚ್ಚುತ್ತದೆ, ಸ್ವಲ್ಪ ದೂರ ಬಿಡುತ್ತದೆ, ಮತ್ತೆ ಕಚ್ಚುತ್ತದೆ. ಎರಡು ಉಂಗುರ ಚೆನ್ನಾಗಿದ್ದರೆ ಮೂರನೆಯದೂ ಚೆನ್ನಾಗಿದೆ ಎಂದು ಹೇಳಲು ಯಾರಿಂದಲೂ ಆಗದು.

ಡ್ರಾಯರಿನಿಂದ ಆ ಮೇಣದ ಬ್ಲಾಕನ್ನು ತೆಗೆದು ದೀಪಕ್ಕೆ ಹಿಡಿದಳು. ಎರಡು ಸಣ್ಣ ದುಂಡನೆ ಚುಕ್ಕೆಗಳು. ಅವುಗಳ ಪಕ್ಕದಲ್ಲಿ ಒಂದು ಗೆರೆ. ಬಿಸಿ ಮೇಣ ಸುರಿದ ರಭಸಕ್ಕೆ ಮೂರನೆಯದು ಹಾಯಾಗಿ ಮಲಗಿಬಿಟ್ಟಿತ್ತು. ಇಪ್ಪತ್ತು ಎಣಿಸಬೇಕಿತ್ತು, ಬರೀ ಇಪ್ಪತ್ತು!

ಡಾಕ್ಟರಮ್ಮ ಒಂಬತ್ತಕ್ಕೆ ಬಂದರು. ಬಂದವರು ಚೀಲ ಇಡುವ ಮೊದಲೇ ಬಾಗಿಲಲ್ಲಿ ಮೇಣಮ್ಮ.

"ಮೇಡಂ, ಈ ಬ್ಲಾಕು ಕರಗಿಸಬೇಕು. ಒಂದು ತುಂಡು ಮಲಗಿದೆ. ನಿಲ್ಲಿಸಿ ಮತ್ತೆ ಕೊಯ್ಯಬೇಕು."

ಡಾಕ್ಟರಮ್ಮ ಬ್ಲಾಕನ್ನೂ ಅವಳನ್ನೂ ನೋಡಿದರು. "ಯಾರು ತುಂಬಿದ್ದು ಇದನ್ನ?"

"ನಾನೇ."

"ನೀವಾ? ಪರವಾಗಿಲ್ಲ, ಒಂದೊಂದು ಸಲ ಆಗುತ್ತೆ. ಸೋಮವಾರ ಮಾಡೋಣ ಬಿಡಿ, ಇವತ್ತು ತುಂಬಾ ಕೆಲಸ ಇದೆ."

"ಸೋಮವಾರದ ತನಕ ಆಗಲ್ಲ ಮೇಡಂ. ಇದು ನನ್ನ ಅಕ್ಕನದು. ಬುಧವಾರ ಮಾತ್ರೆ ನಿಲ್ಲಿಸಿದ್ದಾರೆ. ನಿನ್ನೆಯಿಂದ ಮತ್ತೆ ದವಡೆ ನೋವು ಶುರುವಾಗಿದೆ."

ಡಾಕ್ಟರಮ್ಮ ಚೀಲವನ್ನು ಕುರ್ಚಿಯ ಮೇಲಿಟ್ಟರು. ಮಾತು ಮೆಲ್ಲಗೆ ಬಂತು, ಮೇಣಮ್ಮನಿಗೆ ಬೈಸಿಕೊಂಡಿದ್ದರೆ ಎಷ್ಟೋ ವಾಸಿ ಅನ್ನಿಸುವಷ್ಟು ಮೆಲ್ಲಗೆ. "ಸ್ವಂತದವರದ್ದು ಮುಟ್ಟಬಾರದು ಅಂತ ಬೋರ್ಡು ಬರೆಸಿದ್ದು ನೀವಲ್ವಾ?"

"ಹೌದು ಮೇಡಂ. ತಪ್ಪಾಯ್ತು. ಏನು ಶಿಕ್ಷೆ ಕೊಟ್ರೂ ಆಮೇಲೆ ತಗೋತೀನಿ. ಈಗ ಇದನ್ನ ಕರಗಿಸಲಿ."

"ಯಾರು ಮಾಡ್ತಾರೆ?"

"ಮೀಸೆಯಣ್ಣ ಮಾಡಲಿ. ನಾನು ಮುಟ್ಟಲ್ಲ."

ಮೀಸೆಯಣ್ಣ ಬ್ಲಾಕನ್ನು ಬಿಸಿಗೆ ಇಟ್ಟ. ಮೇಣ ಅಂಚಿನಿಂದ ಕರಗಿ, ತಿಳಿಯಾಗಿ, ಮೂರೂ ತುಂಡುಗಳು ಸಡಿಲವಾದವು. ಮೂರನೆಯದರ ಹೊರಮೈಯನ್ನು ಮೊದಲ ಸಲ ಕೊಯ್ದಾಗಲೇ ಸ್ವಲ್ಪ ಹೆರೆದು ತೆಗೆದಾಗಿತ್ತು. ಉಳಿದದ್ದು ಇನ್ನೂ ಸಣ್ಣದು, ಇನ್ನೂ ಜಾರುವಂಥದ್ದು. ಅದು ಚಿಮುಟದಿಂದ ಜಾರಿ ನೆಲಕ್ಕೆ ಬಿದ್ದರೆ ಅಲ್ಲಿಗೆ ಮುಗಿಯಿತು. ಗೋಡೆಗೆ ಒರಗಿ ನಿಂತ ಮೇಣಮ್ಮ ಕೈಗಳನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡಿದ್ದಳು, ಅವು ತಾವಾಗಿಯೇ ಮುಂದೆ ಹೋಗಿಬಿಟ್ಟಾವು ಎಂಬ ಭಯಕ್ಕೆ. ಮೀಸೆಯಣ್ಣ ತುಂಡನ್ನು ನಿಲ್ಲಿಸಿ, ಅಚ್ಚನ್ನು ತಣ್ಣನೆಯ ತಟ್ಟೆಗೆ ಸರಿಸಿ, ಬಾಯಿಬಿಟ್ಟು ಎಣಿಸತೊಡಗಿದ. ಒಂದು, ಎರಡು, ಮೂರು. ಇಪ್ಪತ್ತು ಇಷ್ಟು ದೊಡ್ಡ ಸಂಖ್ಯೆ ಎಂದು ಅವಳಿಗೆ ಅವತ್ತಿನವರೆಗೂ ಗೊತ್ತಿರಲಿಲ್ಲ.

ಬ್ಲಾಕು ಗಟ್ಟಿಯಾಗಿ, ಕೊಯ್ದು, ನೀರಿನ ಮೇಲೆ ತೇಲಿಸಿ, ಗಾಜಿಗೆ ಏರಿಸಿ, ಒಣಗಿಸಿ, ಬಣ್ಣದ ಬಟ್ಟಲುಗಳಲ್ಲಿ ಒಂದೊಂದಾಗಿ ಅದ್ದಿ ತೆಗೆಯುವಷ್ಟರಲ್ಲಿ ಹನ್ನೊಂದೂವರೆ. ಡಾಕ್ಟರಮ್ಮನ ಮೈಕ್ರೋಸ್ಕೋಪಿಗೆ ಎದುರುಬದುರು ಎರಡು ಜೊತೆ ಕಣ್ಣುಗಾಜುಗಳಿದ್ದವು. ಅವರು ಸ್ಲೈಡಿಟ್ಟು ನೋಡಿದರು. ನೋಡುತ್ತಲೇ ಇದ್ದರು. ಆಮೇಲೆ ತಲೆ ಎತ್ತದೆ ಎದುರಿನ ಕುರ್ಚಿಗೆ ಕೈ ತೋರಿಸಿದರು.

ಮೇಣಮ್ಮ ಕೂತು ಕಣ್ಣಿಟ್ಟಳು. ಉಂಗುರ ದುಂಡಗೆ, ಪೂರ್ತಿಯಾಗಿ ಇತ್ತು. ಆದರೆ ನಡುವೆ ಇರಬೇಕಾದ ದಾರಿ ಇರಲಿಲ್ಲ. ಸೂಜಿಯೂ ತೂರದಂಥ ಒಂದು ಸೀಳು ಮಾತ್ರ ಉಳಿದಿತ್ತು. ಒಳಗೋಡೆ ಊದಿ ಊದಿ ನಡುವಿಗೆ ಬಂದು ಸೇರಿತ್ತು. ದಾರದಂತೆ ನೀಟಾಗಿ ಸುತ್ತ ಕೂತಿರಬೇಕಾಗಿದ್ದ ನೇರಳೆ ಚುಕ್ಕೆಗಳ ಸಾಲು ಅಲ್ಲಲ್ಲಿ ಹರಿದು ಚೆಲ್ಲಾಪಿಲ್ಲಿಯಾಗಿತ್ತು.

"ಎಂಡೋಥೀಲಿಯಮ್ ಹೋಗಿದೆ," ಎಂದರು ಡಾಕ್ಟರಮ್ಮ. "ಕಾಯಿಲೆ ಇದೆ."

ಮೇಣಮ್ಮನಿಗೆ ಸಂತೋಷವಾಯಿತು. ಸ್ವಂತ ಅಕ್ಕನಿಗೆ ಕಾಯಿಲೆ ಇದೆ ಎಂದು ಕೇಳಿ ಸಂತೋಷಪಟ್ಟ ತನ್ನ ಬಗ್ಗೆ ಅವಳಿಗೆ ಹೇಸಿಗೆಯೂ ಆಯಿತು. ಡಾಕ್ಟರಮ್ಮ ಅಷ್ಟರಲ್ಲಿ ಫೋನೆತ್ತಿ ಕಣ್ಣಿನ ಡಾಕ್ಟರನ್ನು ಹಿಡಿದಿದ್ದರು. ಮೇಣಮ್ಮ ಮನೆಗೆ ಫೋನು ಮಾಡಿದಳು.

"ಅಕ್ಕ, ಕಪಾಟಿನ ಹಿಂದೆ ತಳ್ಳಿದ್ದೆಯಲ್ಲ, ಆ ಮಾತ್ರೆ ತಗೋ. ಈಗಲೇ ತಗೋ. ಆಮೇಲೆ ಟ್ಯಾಕ್ಸಿ ಹಿಡಿದು ಇಲ್ಲಿಗೆ ಬಾ."

"ನಿನಗೆ ಹೇಗೆ ಗೊತ್ತಾಯ್ತು?" ಎಂದಳು ಅಕ್ಕ.

"ಏನು ಗೊತ್ತಾಯ್ತು?"

"ಬೆಳಗ್ಗೆ ಹಾಲು ಕಾಯಿಸ್ತಾ ಇದ್ದಾಗ ಎಡಗಣ್ಣಿಗೂ ಮಂಜು ಕವಿದ ಹಾಗಾಯ್ತು ಕಣೇ. ಐದು ನಿಮಿಷ. ಆಮೇಲೆ ಸರಿಹೋಯ್ತು. ನೀನು ಗಾಬರಿ ಬೀಳ್ತೀಯ ಅಂತ ಸುಮ್ಮನಿದ್ದೆ."

ಅಕ್ಕನನ್ನು ಅವತ್ತೇ ದಾಖಲು ಮಾಡಿಕೊಂಡರು. ಮೂರು ದಿನ ರಕ್ತನಾಳಕ್ಕೇ ಔಷಧ ಹನಿಸಿದರು, ಸಕ್ಕರೆಗೆ ಬೇರೆ ಇಂಜೆಕ್ಷನ್ನು. ಆ ಮೂರೂ ದಿನ ಮೇಣಮ್ಮ ಗಂಟೆಗೊಮ್ಮೆ ಮೂರು ಮಹಡಿ ಹತ್ತಿ ಬಂದು, ಅಕ್ಕನ ಬಲಗಣ್ಣನ್ನು ಅಂಗೈಯಿಂದ ಮುಚ್ಚಿ, ಎದುರಿನ ಗೋಡೆಯ ಗಡಿಯಾರ ಓದಿಸುತ್ತಿದ್ದಳು. "ಹತ್ತೂ ಇಪ್ಪತ್ತು," ಎನ್ನುತ್ತಿದ್ದಳು ಅಕ್ಕ. "ಹನ್ನೊಂದೂ ಇಪ್ಪತ್ತು. ನಿನಗೆ ಕೆಲಸವಿಲ್ವೇನೇ?" ನಾಲ್ಕನೆಯ ದಿನ ಕಣ್ಣಿನ ಡಾಕ್ಟರು ಪರೀಕ್ಷೆ ಮಾಡಿ, ಎಡಗಣ್ಣು ಉಳಿಯಿತು, ಬಲಗಣ್ಣು ಬರುವುದಿಲ್ಲ ಎಂದರು. ಎರಡನ್ನೂ ಒಂದೇ ದನಿಯಲ್ಲಿ ಹೇಳಿ ಹೋದರು.

ಅವರು ಹೋದ ಮೇಲೆ ಮೇಣಮ್ಮ ಹಾಸಿಗೆಯ ಅಂಚಿನಲ್ಲಿ ಕೂತು ಎಲ್ಲವನ್ನೂ ಹೇಳಿದಳು. ಬೋರ್ಡು, ಮೇಣ, ಎಣಿಸದ ಇಪ್ಪತ್ತು, ಮಲಗಿದ ತುಂಡು. ಮಾತ್ರೆ ನಿಂತ ಆ ಮೂರು ದಿನ ತನ್ನಿಂದಲೇ ನಿಂತದ್ದು ಎಂದಳು. ಅಕ್ಕ ಬೈಯಲಿ, ಮುಖ ತಿರುಗಿಸಲಿ ಎಂದು ಕಾದಳು. ಅಕ್ಕ ಅವಳ ಉಗುರಿನ ಸಂದಿಯ ಮೇಣವನ್ನು ತನ್ನ ಉಗುರಿನಿಂದ ಕೆರೆಯುತ್ತ ಕೇಳಿಸಿಕೊಂಡಳು.

"ಆಯ್ತು ಬಿಡು, ಹೊಟ್ಟೆಗೆ ಹಾಕ್ಕೊಂಡೆ," ಎಂದಳು. "ಡಾಕ್ಟರಮ್ಮ ಏನಂದ್ರು?"

"ಇಪ್ಪತ್ತೇಳು ವರ್ಷದಲ್ಲಿ ಒಂದು ತಪ್ಪು, ಇರಲಿ ಅಂದ್ರು."

"ಒಂದೇ ಅಂತ ಅವರಿಗೆ ಹೇಗೆ ಗೊತ್ತು?"

ಮೇಣಮ್ಮ ತಲೆ ಎತ್ತಿದಳು.

"ನಮ್ಮಲ್ಲಿ ಒಂದು ಕಾಗದ ತಪ್ಪು ಗೂಡಿನಲ್ಲಿ ಸಿಕ್ಕಿದ್ರೆ ಅದೊಂದನ್ನೇ ತೆಗೆದು ಸರಿ ಗೂಡಿಗೆ ಹಾಕ್ತಿರಲಿಲ್ಲ ಕಣೇ. ಇಡೀ ಗೂಡನ್ನ ನೆಲದ ಮೇಲೆ ಸುರಿದು ನೋಡ್ತಿದ್ವಿ. ಹಾಕ್ದೋರ ಕೈ ಒಂದೇ ಅಲ್ವಾ? ಎರಡು ವರ್ಷದಿಂದ ಹೀಗೇ ಸುರೀತಿದ್ದೀಯ ಅಂದೆ. ನನ್ನದು ಅಂತ ಕೆದಕಿ ನೋಡಿದೆ. ಬೇರೆಯವರದ್ದು ಯಾರು ನೋಡ್ತಾರೆ?"

ಮೇಣಮ್ಮ ಅಕ್ಕನಿಗೆ ಹೊದಿಕೆ ಸರಿ ಮಾಡಿ ಕೆಳಗೆ ಇಳಿದಳು. ನೆಟ್ಟಗೆ ಡಾಕ್ಟರಮ್ಮನ ಕೋಣೆಗೆ ಹೋಗಿ, ತಾನು ತುಂಬಿದ ಹಳೆಯ ಬ್ಲಾಕುಗಳನ್ನೂ ತೆಗೆದು ನೋಡಬೇಕು ಎಂದಳು.

ಡಾಕ್ಟರಮ್ಮ ಮೊದಲು ಒಪ್ಪಲಿಲ್ಲ, ಆಮೇಲೆ ಸುಮ್ಮನೆ ಸಂಗ್ರಹದ ಕೋಣೆಯ ಬೀಗದ ಕೈ ಕೊಟ್ಟರು. ರಿಜಿಸ್ಟರಿನಲ್ಲಿ ಎರಡು ವರ್ಷದ ಕಪಾಲದ ರಕ್ತನಾಳಗಳು ಹದಿನಾಲ್ಕು ಸಿಕ್ಕವು. ಅವುಗಳಲ್ಲಿ ಏನೂ ಇಲ್ಲ ಎಂದು ರಿಪೋರ್ಟಾದವು ಒಂಬತ್ತು. ಮೇಣಮ್ಮ ಉಕ್ಕಿನ ಡ್ರಾಯರುಗಳನ್ನು ಎಳೆದು, ನಂಬರು ನೋಡಿ, ಒಂದೊಂದೇ ಬ್ಲಾಕನ್ನು ದೀಪಕ್ಕೆ ಹಿಡಿದಳು. ಮೊದಲನೆಯದರಲ್ಲಿ ಮೂರೂ ದುಂಡಗೆ. ಎರಡನೆಯದೂ ದುಂಡಗೆ. ಮೂರನೆಯದೂ. ನಾಲ್ಕನೆಯದರಲ್ಲಿ ಒಂದು ದುಂಡನೆ ಚುಕ್ಕೆ, ಎರಡು ಗೆರೆ.

ಉಳಿದ ಐದು ಆಮೇಲೆ ಎಂದು ಅದನ್ನು ಮೀಸೆಯಣ್ಣ ಕರಗಿಸಿದ, ನಿಲ್ಲಿಸಿದ, ಎಣಿಸಿದ, ಕೊಯ್ದ. ಡಾಕ್ಟರಮ್ಮ ನೋಡಿ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಎಂಟು ತಿಂಗಳ ಹಿಂದಿನ ಚೂರು ಅದು. ಅರವತ್ತೊಂದು ವರ್ಷದ ಒಬ್ಬ ಗಂಡಸಿನದು, ಬಸ್ಸು ಓಡಿಸುವವರಂತೆ. ಪಕ್ಕದಲ್ಲಿ ಮನೆಯ ಫೋನ್ ನಂಬರು ಇತ್ತು.

"ನಾನು ಮಾತಾಡ್ತೀನಿ," ಎಂದು ಡಾಕ್ಟರಮ್ಮ ಫೋನಿಗೆ ಕೈ ಚಾಚಿದರು.

"ಬೇಡ ಮೇಡಂ. ಸುರಿದಿದ್ದು ನಾನು, ಫೋನೂ ನಾನೇ ಮಾಡ್ತೀನಿ."

ಬಹಳ ಹೊತ್ತು ಗಂಟೆ ಹೊಡೆದ ಮೇಲೆ ಒಬ್ಬ ಹೆಂಗಸು ಎತ್ತಿದರು. ಮೇಣಮ್ಮ ಆಸ್ಪತ್ರೆಯ ಹೆಸರು ಹೇಳಿದಳು, ಯಜಮಾನರ ಹೆಸರು ಹೇಳಿದಳು.

"ಅವರ ಕಣ್ಣು ಹೇಗಿದೆ ಅಮ್ಮ?"

"ಒಂದು ಹೋಗಿ ಆರು ತಿಂಗಳಾಯ್ತು," ಎಂದರು ಆ ಹೆಂಗಸು. "ಬಸ್ಸಿನ ಕೆಲಸವೂ ಹೋಯ್ತು. ಇನ್ನೊಂದು ಕಣ್ಣು ಇದೆ, ಆದರೆ ಈಗೀಗ ಅದಕ್ಕೂ ಮಂಜು ಅಂತಾರೆ. ನಿಮ್ಮ ರಿಪೋರ್ಟಿನಲ್ಲಿ ಏನೂ ಇಲ್ಲ ಅಂತ ಬಂದಿತ್ತಲ್ಲ, ಅದಕ್ಕೆ ನಾವು ಮತ್ತೆ ಬರಲಿಲ್ಲ. ನೀವು ಯಾರು ಮಾತಾಡ್ತಿರೋದು?"

ಮೇಣಮ್ಮ ಯಾರೆಂದು ಹೇಳಿದಳು. ಏನು ಮಾಡಿದಳೆಂದೂ ಹೇಳಿದಳು.

"ಬೈಯೋದನ್ನ ಎದುರಿಗೆ ಬಂದು ಬೈಯಿರಿ ಅಮ್ಮ, ನಾನು ಇಲ್ಲೇ ಇರ್ತೀನಿ," ಎಂದಳು. "ಇವತ್ತೇ ಕರ್ಕೊಂಡು ಬನ್ನಿ. ಈಗಲೇ ಹೊರಡಿ."